ಸೂರ್ ತೀರದಲ್ಲಿ ಮಲಗಿದವಳು

ತೊಂಬತ್ತರ ದಶಕದ ಆರಂಭದಲ್ಲಿ ನಾನು ಒಮಾನ್ ದೇಶದ ಸೀಬ್‌ನಲ್ಲಿ ನಮ್ಮವರ ಮದುವೆ, ನಾಮಕರಣಗಳ ವಿಡಿಯೊ ತೆಗೆಯುತ್ತಿದ್ದೆ. ಕ್ಯಾಮೆರಾ ಹಿಡಿಯುವವರು ಬೇಕೆಂದು ಹುಡುಕಿಕೊಂಡು ಬಂದವಳು ಐಸ್‌ಲ್ಯಾಂಡಿನ ಒಬ್ಬ ವಿಡಿಯೊ ಕಲಾವಿದೆ. ಕಾದ ಬಂಡೆಗೆ ಕೆನ್ನೆ ಒತ್ತಿ ಆಕೆ ಗಂಟೆಗಟ್ಟಲೆ ನಿಲ್ಲುವುದು, ನಾನು ಅದನ್ನು ತೆಗೆಯುವುದು, ಇದೇ ಕೆಲಸ. ಮದುಮಗಳು ಕಣ್ಣೊರೆಸಿಕೊಂಡರೆ ಜೂಮ್ ಮಾಡಿ ಅಭ್ಯಾಸವಾದ ನನ್ನ ಬೆರಳು ಸುಮ್ಮನಿರುತ್ತಿರಲಿಲ್ಲ. ಆಕೆ ಮುಖ ಎತ್ತದೆಯೇ ಇಂಗ್ಲಿಷಿನಲ್ಲಿ ಹೇಳುತ್ತಿದ್ದಳು: “ನೀವು ಹತ್ತಿರ ಹೋಗಬೇಡಿ. ಅದೇ ಹತ್ತಿರ ಬರಲಿ.”

ಯಾವುದು ಬರಬೇಕು ಎಂದು ಕೇಳಿದರೆ, “ನನಗೂ ಗೊತ್ತಿಲ್ಲ,” ಎನ್ನುತ್ತಿದ್ದಳು.

ಒಂದು ದಿನ ಸೂರ್ ಪಟ್ಟಣದ ಕಡಲತೀರದ ಮರಳಿನಲ್ಲಿ ಆಕೆ ಅಂಗಾತ ಮಲಗಿದಳು. ಭರತದ ನೀರು ಏರಿ ಹಿಮ್ಮಡಿ, ಸೊಂಟ, ಕಿವಿ ಮುಟ್ಟಿತು. ನಮ್ಮನ್ನು ಕಾರಿನಲ್ಲಿ ಕರೆತಂದಿದ್ದ ಉಳ್ಳಾಲದ ಗೆಳೆಯ ಚಡಪಡಿಸಿದ.

“ಎಂತದು ಮಾರಾಯ, ಅವರಿಗೆ ಮುಳುಗ್ಲಿಕ್ಕುಂಟಾ?”

“ಹತ್ತಿರ ಹೋಗ್ಬಾರ್ದಂತೆ.”

“ಯಲ್ಲಾ, ಹೋಗು ನೀನು!” ಅರಬ್ಬಿ ಬೆರೆಸಿ ಅವಸರಿಸಿದ.

ಬಾಯಿಯ ಮೇಲೆ ಅಲೆ ಹಾದದ್ದೇ ತಡ, ಸ್ಟ್ಯಾಂಡಿನ ಮೇಲಿದ್ದ ಕ್ಯಾಮೆರಾ ಬಿಟ್ಟು ಓಡಿದೆ, ಎಳೆದು ತಂದೆ. ಕೆಮ್ಮುತ್ತಾ ಆಕೆ ಕೇಳಿದ್ದು ಒಂದೇ: “ಕ್ಯಾಮೆರಾ ಆನ್ ಇದೆಯಾ?” ಬೈದದ್ದೋ, ಮೆಚ್ಚಿದ್ದೋ, ತಿಳಿಯಲಿಲ್ಲ.

ವರ್ಷ ಕಳೆದ ಮೇಲೆ ಅಂಚೆಯಲ್ಲಿ ಆಕೆಯಿಂದ ಒಂದು ಕ್ಯಾಸೆಟ್ ಬಂತು. ಅದರಲ್ಲಿ ಬಂಡೆಗಳೇ ಇರಲಿಲ್ಲ. ಕಡಲು, ಅಲೆಯೊಳಗೆ ಆಕೆ, ಆಮೇಲೆ ಪ್ಯಾಂಟು ಒದ್ದೆಯಾದದ್ದೂ ತಿಳಿಯದೆ ಓಡುತ್ತಿರುವ ನನ್ನ ಬೆನ್ನು. ಅಷ್ಟು ಮದುವೆ ತೆಗೆದ ನಾನು ಟಿವಿಯಲ್ಲಿ ನನ್ನನ್ನೇ ಕಂಡದ್ದು ಅದೇ ಮೊದಲು. ನಾನು ಆಕೆಯನ್ನು ಮುಟ್ಟುವ ಮೊದಲೇ ಟೇಪು ಮುಗಿಯುತ್ತದೆ. ಅಲ್ಲಿಗೇ ಯಾಕೆ ಕತ್ತರಿಸಿದಳೋ! ಯಾವಾಗ ಹಾಕಿದರೂ ನಾನು ಓಡುತ್ತಲೇ ಇರುತ್ತೇನೆ. ಆಕೆ ಕೈಗೆ ಸಿಗುವುದಿಲ್ಲ.