ವಾಡೆಯ ದೆವ್ವಕ್ಕೆ ಅವಮಾನ

ದೋಸ್ತರೇ, ಭಾಲ್ಕಿಯ ನಮ್ಮ ಹಳೇ ವಾಡೆಯಲ್ಲಿ ದೆವ್ವ ಇದೆಯೋ ಇಲ್ಲವೋ ಎಂದು ಪರೀಕ್ಷಿಸಲು ಇವತ್ತು ಬೆಂಗಳೂರಿನಿಂದ ಒಂದು ತಂಡ ಬಂದಿತ್ತು. ತೀರಿಹೋದ ನಮ್ಮ ಅಜ್ಜ ಮಹಡಿಯ ಕೋಣೆಯಲ್ಲಿ ಇನ್ನೂ ಓಡಾಡುತ್ತಾರೆಂದು ಊರಿಗೆಲ್ಲ ಗುಮಾನಿ. ಹೀಗಾಗಿ ಬಾಡಿಗೆಗೆ ಯಾರೂ ಬರುವುದಿಲ್ಲ.

ತಂಡದ ಮುಖ್ಯಸ್ಥ ಕೋಣೆಯ ನಡುವೆ ಪುಟ್ಟ ದೀಪವಿದ್ದ ಒಂದು ಯಂತ್ರ ಇಟ್ಟು, "ಏಯ್, ಇಲ್ಲಿದ್ರೆ ಈ ದೀಪ ಹೊತ್ತಿಸು ನೋಡೋಣ" ಎಂದು ಕೂಗಿದ.

ಚಹಾ ತಂದಿದ್ದ ನಮ್ಮ ಸೋದರತ್ತೆ ಬಾಗಿಲಲ್ಲೇ ನಿಂತರು. "ನಮ್ಮಪ್ಪಗ ಏಯ್ ಅನಬ್ಯಾಡ್ರಿ."

"ಆತ್ಮಗಳು ಕೆಣಕಿದ್ರೇನೇ ಬರೋದು, ಅಮ್ಮ" ಎಂದು ಅವನು ಮತ್ತೆ ಏಯ್ ಎಂದ. ದೀಪ ಹೊತ್ತಲಿಲ್ಲ. "ಇಲ್ಲಿ ಯಾರೂ ಇಲ್ಲ, ಧೈರ್ಯವಾಗಿರಿ" ಎಂದು ಹೇಳಿ ತಂಡದವರು ಸಾಮಾನು ಕಟ್ಟಿಕೊಂಡು ಹೊರಟರು.

ಅತ್ತೆ ನನ್ನ ಕಡೆ ತಿರುಗಿದರು. "ನಾವು ಹೈದರಾಬಾದ್ ಬಿಟ್ಟು ಮೈಸೂರು ರಾಜ್ಯಕ್ಕ ಸೇರಿದಾಗ ಕಚೇರಿಗಿ ಬಂದ ಹೊಸ ಸಾಹೇಬ ಏಯ್ ಅಂದಾನಂತ ಅಪ್ಪ ನೌಕರಿನೇ ಬಿಟ್ರು. ಇವರಿಗಿ ಓ ಅಂತಾರೇನು?"

ಸಂಜೆ ಆ ಕೋಣೆಯ ಕಿಟಕಿ ಮುಚ್ಚಲು ಹೋದವನು ಬಾಗಿಲು ತಟ್ಟಿ, "ಒಳಗ ಬರ್ಲೇನ್ರಿ?" ಎಂದು ಕೇಳಿದೆ. ದೆವ್ವದ ಹೆದರಿಕೆಗಲ್ಲ. ಕೆಳಗೆ ಅತ್ತೆ ಕಿವಿಗೊಟ್ಟು ನಿಂತಿದ್ದರು.