ಹೊಫೂಫಿನ ಅಂಗಳದ ದಾಲ್ಚಿನ್ನಿ ಗಿಡ

ಆಗಿನ್ನೂ ಸೌದಿಯ ಹೊಫೂಫಿನ ಹಳೆಯ ಕೇರಿಗಳಲ್ಲಿ ಅಂಗಳವಿರುವ ಮನೆಗಳು ನಮ್ಮಂಥವರಿಗೆ ಬಾಡಿಗೆಗೆ ಸಿಗುತ್ತಿದ್ದವು. ನಾನು ಅಲ್ಲಿನ ಇಂಡಿಯನ್ ಸ್ಕೂಲಿನಲ್ಲಿ ನಾಲ್ಕನೆಯ ಕ್ಲಾಸಿನಲ್ಲಿದ್ದೆ. ಉಪ್ಪ ಎಂದು ನಾನು ಕರೆಯುವ ಅಪ್ಪನಿಗೆ ಏಸಿ ರಿಪೇರಿಯ ಕಂಪೆನಿಯೊಂದರಲ್ಲಿ ಕೆಲಸ. ಊರ ಸುತ್ತಲೂ ಖರ್ಜೂರದ ತೋಟಗಳಿದ್ದರೂ ನಮ್ಮ ಎತ್ತರದ ಗೋಡೆಯೊಳಗಿನ ತುಂಡು ನೆಲದಲ್ಲಿ ಪುದೀನ ಬಿಟ್ಟರೆ ಬೇರೇನೂ ಸರಿಯಾಗಿ ಬರುತ್ತಿರಲಿಲ್ಲ.

ಒಂದು ರಜೆಯಲ್ಲಿ ಬಂಟ್ವಾಳಕ್ಕೆ ಹೋಗಿ ಮರಳುವಾಗ ಅಜ್ಜಿ, ಅಂದರೆ ಉಮ್ಮನ ತಾಯಿ, ತನ್ನ ಹಿತ್ತಿಲಿನ ದಾಲ್ಚಿನ್ನಿ ಮರದ ಬುಡದಲ್ಲಿ ಹುಟ್ಟಿದ್ದ ಗೇಣುದ್ದದ ಸಸಿಯೊಂದನ್ನು ಕಿತ್ತು, ಬೇರಿಗೆ ಒದ್ದೆ ಬಟ್ಟೆ ಸುತ್ತಿ ಕೊಟ್ಟಳು.

"ಘೀರೈಸಿಗೆ ಎಲೆ ಬೇಕಲ್ಲ ನಿಂಗೆ. ತಕೊಂಡು ಹೋಗು."

ಸಸಿ ಬೆಡ್‌ಶೀಟುಗಳ ನಡುವೆ ಮಲಗಿಕೊಂಡು ವಿಮಾನದಲ್ಲಿ ಬಂತು. ಉಪ್ಪ ನಕ್ಕುಬಿಟ್ಟ. "ಇಲ್ಲಿಯ ಬಿಸಿಲಿಗೆ ಮನುಷ್ಯರೇ ಬಾಡ್ತಾರೆ ಮಾರಾಯ್ತಿ, ಇದು ಎಂತ ಬದುಕ್ತದೆ!"

ಅವನು ಹೇಳಿದಂತೆಯೇ ಎಲೆಗಳ ಅಂಚು ಸುಟ್ಟು ಕಂದಾಯಿತು. ನಲ್ಲಿಯ ನೀರೂ ಉಪ್ಪು. ಉಮ್ಮ ಏಸಿಯ ಪೈಪಿನ ಕೆಳಗೆ ಬಕೆಟ್ ಇಟ್ಟು, ಅದರಲ್ಲಿ ತೊಟ್ಟಿಕ್ಕಿದ ನೀರನ್ನು ಮಾತ್ರ ಗಿಡಕ್ಕೆ ಹಾಕತೊಡಗಿದಳು.

ನಮ್ಮ ಮನೆಯ ಒಡತಿ ಉಮ್ ಸಾಲಿಹ್ ಪಕ್ಕದ ಮನೆಯಲ್ಲೇ ಇದ್ದರು. ಗಂಡ ತೀರಿಹೋಗಿದ್ದ, ಮಗ ಸಾಲಿಹ್‌ನ ಸಂಸಾರದೊಡನೆ ಇದ್ದ ಹಿರಿಯ ಹೆಂಗಸು. ಎರಡು ಅಂಗಳಗಳ ನಡುವೆ ಒಂದು ಕಬ್ಬಿಣದ ಬಾಗಿಲಿತ್ತು. ಒಂದು ದಿನ ಅವರು ಒಳಬಂದು, ಗಿಡದ ಬುಡದ ಮಣ್ಣನ್ನು ಬೆರಳುಗಳ ನಡುವೆ ಉಜ್ಜಿ ನೋಡಿ, ನನ್ನ ಕಡೆ ತಿರುಗಿದರು. "ಮಗಳೇ, ಈ ಮಣ್ಣು ಇದಕ್ಕೆ ಆಗುವುದಿಲ್ಲ ಅಂತ ನಿನ್ನ ಅಮ್ಮನಿಗೆ ಹೇಳು."

ಅವರ ಮೊಮ್ಮಗಳು ನೂರಾಳೊಂದಿಗೆ ಕುಂಟಬಿಲ್ಲೆ ಆಡುತ್ತ ಆಡುತ್ತ ನನಗೆ ಅರಬಿ ಬಂದಿತ್ತು. ಉಮ್ಮನಿಗೆ ಬರುತ್ತಿರಲಿಲ್ಲ. ಹಾಗಾಗಿ ಇಬ್ಬರು ದೊಡ್ಡವರ ಮಾತನ್ನು ಅತ್ತಿತ್ತ ದಾಟಿಸುವ ಕೆಲಸ ನನ್ನದಾಯಿತು.

ಮರುದಿನ ಸಾಲಿಹ್ ತೋಟದಿಂದ ಚೀಲ ತುಂಬ ಗೊಬ್ಬರದ ಮಣ್ಣು ತಂದು ಹಾಕಿದ. ಉಮ್ ಸಾಲಿಹ್ ಖರ್ಜೂರದ ಗರಿಗಳಿಂದ ತಾವೇ ತಟ್ಟಿ ಕಟ್ಟಿ ಗಿಡಕ್ಕೆ ನೆರಳು ಮಾಡಿದರು. ಆ ಬೇಸಿಗೆ ದಾಟಿದ ಮೇಲೆ ಗಿಡ ಕೆಂಪಗೆ ಚಿಗುರಿತು. ಉಮ್ಮ ಫೋನನ್ನು ಚಿಗುರಿನ ಹತ್ತಿರ ಹಿಡಿದು ಅಜ್ಜಿಗೆ ತೋರಿಸಿದಳು. ಒಂದು ಎಲೆಯನ್ನೂ ಕೀಳಲು ನಮ್ಮನ್ನು ಬಿಡುತ್ತಿರಲಿಲ್ಲ. "ಮರ ಆಗ್ಲಿ, ಮತ್ತೆ ನೋಡುವ" ಎನ್ನುತ್ತಿದ್ದಳು. ನಾನೂ ನೂರಾಳೂ ಬಗ್ಗಿ, ಎಲೆಯನ್ನು ಮೆಲ್ಲನೆ ತಿಕ್ಕಿ ಬೆರಳನ್ನು ಮೂಸಿಕೊಳ್ಳುತ್ತಿದ್ದೆವು.

ಅದರ ಮರುವರ್ಷ ಉಪ್ಪನ ಕಂಪೆನಿಯ ಕೆಲಸ ನಿಂತುಹೋಗಿ ನಮ್ಮ ವಾಸದ ಪರವಾನಗಿಯಾದ ಇಕಾಮಾದ ಅವಧಿ ಮುಗಿಯಿತು. ಕಫೀಲ್, ಅಂದರೆ ಉಪ್ಪನನ್ನು ಕೆಲಸಕ್ಕೆ ಕರೆಸಿಕೊಂಡಿದ್ದ ಧಣಿ, ಅದನ್ನು ನವೀಕರಿಸದೆ ನಾವ್ಯಾರೂ ದೇಶ ಬಿಟ್ಟು ಹೊರಡುವಂತಿರಲಿಲ್ಲ. ಅಂಥ ದಿನಗಳಲ್ಲೇ ಒಂದು ಬೆಳಿಗ್ಗೆ ಮಾವನ ಫೋನು ಬಂತು. ಅಜ್ಜಿ ತೀರಿಹೋಗಿದ್ದಳು.

"ನನ್ನೊಬ್ಬಳನ್ನಾದ್ರೂ ಕಳಿಸ್ಲಿಕ್ಕೆ ಆಗುದಿಲ್ವಾ?" ಉಮ್ಮ ಕೇಳಿದಳು.

"ಕಫೀಲ್ ಫೋನೇ ಎತ್ತುದಿಲ್ಲ ಝುಬೈದಾ. ಏರ್‌ಪೋರ್ಟಿಂದ ವಾಪಸ್ ಕಳಿಸ್ತಾರೆ." ಉಪ್ಪ ಮತ್ತೊಮ್ಮೆ ನಂಬರು ಒತ್ತಿದ.

ಹೋಗಿದ್ದರೂ ದಫನಕ್ಕೆ ಮುಟ್ಟುತ್ತಿರಲಿಲ್ಲ. ಆದರೆ ಒಡಹುಟ್ಟಿದವರ ಜೊತೆ ಕೂತು ಅಳಬಹುದಿತ್ತು. ಇಲ್ಲಿ ಉಮ್ಮ ಅಳಲಿಲ್ಲ. ಸಿಂಕಿನ ಮುಂದೆ ನಿಂತು ಅಕ್ಕಿ ತೊಳೆದಳು; ತೊಳೆದದ್ದನ್ನೇ ಮತ್ತೆ ತೊಳೆದಳು. ನನಗೆ ಹೆದರಿಕೆಯಾಗಿ ಕಬ್ಬಿಣದ ಬಾಗಿಲು ದಾಟಿ ಓಡಿದೆ.

"ನನ್ನ ಅಜ್ಜಿ ಸತ್ತುಹೋದಳು. ಉಮ್ಮನಿಗೆ ಹೋಗಲು ಆಗುವುದಿಲ್ಲ" ಎಂದೆ.

ಉಮ್ ಸಾಲಿಹ್ ಅಬಾಯ ತೊಟ್ಟುಕೊಂಡು ಬಂದು, ಉಮ್ಮನ ಕೈಯಿಂದ ಪಾತ್ರೆ ತೆಗೆದು ಕೆಳಗಿಟ್ಟು, ಅವಳನ್ನು ಅಂಗಳಕ್ಕೆ ಕರೆತಂದು ಕೂರಿಸಿದರು. ಸಂಜೆಯ ಹೊತ್ತಿಗೆ ಕೇರಿಯ ಹೆಂಗಸರು ಬರತೊಡಗಿದರು. ತಮ್ಮ ಮನೆಯಲ್ಲಿ ಸಾವಾದರೆ ಹೇಗೆ ಮೂರು ದಿನ ಕೂರುತ್ತಾರೋ ಹಾಗೆಯೇ ಅವರು ನಮ್ಮ ಅಂಗಳದಲ್ಲಿ ಕೂತರು. ಅವರಲ್ಲಿ ಯಾರೂ ನನ್ನ ಅಜ್ಜಿಯ ಮುಖ ಕಂಡವರಲ್ಲ, ಬಂಟ್ವಾಳದ ಹೆಸರು ಕೇಳಿದವರಲ್ಲ. ಫ್ಲಾಸ್ಕಿನಲ್ಲಿ ಏಲಕ್ಕಿ ಹಾಕಿದ ಕಹ್ವಾ ಕಾಫಿ, ತಟ್ಟೆಯಲ್ಲಿ ಖರ್ಜೂರ, ಹೊಫೂಫಿರುವ ಅಲ್ ಅಹ್ಸಾ ಸೀಮೆಯ ಗದ್ದೆಗಳಲ್ಲೇ ಬೆಳೆದ ಕೆಂಪಕ್ಕಿಯ ಅನ್ನ ತಂದರು. ಉಮ್ಮ ಅನ್ನದ ಬಣ್ಣವನ್ನು ನೋಡಿ, "ನಮ್ಮ ಕುಚ್ಚಲಕ್ಕಿಯ ಹಾಗೇ ಉಂಟಲ್ಲ" ಎಂದಳು.

ಮೂರನೆಯ ದಿನ ಉಮ್ ಸಾಲಿಹ್ ನನ್ನನ್ನು ಪಕ್ಕಕ್ಕೆ ಎಳೆದು ಕೂರಿಸಿಕೊಂಡರು. "ಅವಳ ತಾಯಿ ಹೇಗಿದ್ದಳು ಅಂತ ಕೇಳು. ನಾವು ಅವಳಿಗಾಗಿ ಕೂತಿದ್ದೇವೆ, ಅವಳ ಬಗ್ಗೆ ಗೊತ್ತಿರಬೇಡವೇ?"

ಉಮ್ಮ ಹೇಳಲು ಶುರು ಮಾಡಿದಳು. ಅಜ್ಜಿ ಬೀಡಿ ಕಟ್ಟಿ ಮಕ್ಕಳನ್ನು ಸಾಕಿದ್ದು, ಒಲೆಯ ಮುಂದೆ ಕೂತು ಬೈತ್ ಹಾಡುತ್ತಿದ್ದುದು, ಹಿತ್ತಿಲಿನ ಮರ. ಬೀಡಿ ಕಟ್ಟುವುದಕ್ಕೆ ಅರಬಿಯಲ್ಲಿ ಏನೆನ್ನುತ್ತಾರೆಂದು ತಿಳಿಯದೆ ನಾನು ಕೈಯಲ್ಲೇ ಸುರುಳಿ ಸುತ್ತಿ ತೋರಿಸಿದೆ. ಮರದ ಮಾತು ಬಂದಾಗಲೂ ನನಗೆ ಹೆಸರು ಗೊತ್ತಾಗಲಿಲ್ಲ. ಉಮ್ಮ ಎದ್ದುಹೋಗಿ, ಯಾರಿಗೂ ಮುಟ್ಟಲು ಬಿಡದ ಗಿಡದಿಂದ ಒಂದು ಎಲೆ ಕಿತ್ತು, ಮುರಿದು, ಉಮ್ ಸಾಲಿಹ್‌ರ ಕೈಗಿಟ್ಟಳು.

ಅವರು ಮೂಸಿ ನೋಡಿದರು. "ಕಿರ್ಫಾ!" ಎಂದರು. ಚಹಾಕ್ಕೆ ಹಾಕುವ ದಾಲ್ಚಿನ್ನಿಗೆ ಅವರ ಹೆಸರು ಅದು. ಎಲೆಯ ಚೂರುಗಳು ಕೈಯಿಂದ ಕೈಗೆ ದಾಟಿದವು. ಒಬ್ಬೊಬ್ಬರೂ ಮೂಗಿಗೆ ಹಿಡಿದು ಅಜ್ಜಿಗಾಗಿ ದುಆ ಹೇಳಿದರು. ಆಗ ಉಮ್ಮ ಉಮ್ ಸಾಲಿಹ್‌ರ ಮಡಿಲಿಗೆ ಬಿದ್ದು ಜೋರಾಗಿ ಅತ್ತಳು.

ಹೇಗೋ ಇಕಾಮಾದ ತೊಡಕು ಬಿಡಿಸಿಕೊಂಡು ಮುಂದಿನ ವರ್ಷ ನಾವು ಪೂರ್ತಿಯಾಗಿ ಊರಿಗೆ ಬಂದೆವು. ಉಮ್ಮನ ಹೆಗಲೆತ್ತರ ಬೆಳೆದಿದ್ದ ಗಿಡವನ್ನು ಉಮ್ ಸಾಲಿಹ್‌ರಿಗೇ ಬಿಟ್ಟೆವು.

ಪ್ರತಿ ಹಬ್ಬಕ್ಕೂ ಉಮ್ಮ ಅವರಿಗೆ ಫೋನು ಮಾಡಿಸುತ್ತಿದ್ದಳು. ಮಾತಾಡಬೇಕಾದವಳು ನಾನು. ಮಂಗಳೂರಿನ ಶಾಲೆಯಲ್ಲಿ ನನ್ನ ಅರಬಿ ವರ್ಷವರ್ಷಕ್ಕೆ ಸವೆಯುತ್ತಿತ್ತು. ಕಡೆಯ ಸಲ ಅವರ ದನಿ ತೀರ ಸೋತಿತ್ತು. ಆದರೂ ಬಹಳ ಹೊತ್ತು ಮಾತಾಡಿದರು. ನಡುನಡುವೆ ಉಮ್ಮನ ಹೆಸರು ಕೇಳಿಸಿತು. ಉಳಿದದ್ದು ನನಗೆ ತಿಳಿಯಲಿಲ್ಲ.

"ಎಂತ ಹೇಳಿದ್ರು?" ಉಮ್ಮ ನನ್ನ ಮುಖವನ್ನೇ ನೋಡುತ್ತಿದ್ದಳು.

"ಗೊತ್ತಾಗ್ಲಿಲ್ಲ ಉಮ್ಮ."

ಮುಂದಿನ ಹಬ್ಬಕ್ಕೆ ಆ ನಂಬರು ಸಿಗಲಿಲ್ಲ. ಆಮೇಲೆಂದೂ ಸಿಗಲಿಲ್ಲ. ಈಗ ನಮಗೆ ದಾಲ್ಚಿನ್ನಿ ಎಲೆಗೆ ಕೊರತೆಯಿಲ್ಲ; ಯಾರ ಹಿತ್ತಿಲಿನಿಂದಲಾದರೂ ಉಮ್ಮ ಕಿತ್ತು ತರುತ್ತಾಳೆ. ಆದರೆ ಅವಳ ದುಃಖಕ್ಕೆ ತನ್ನ ಕೇರಿಯನ್ನೆಲ್ಲ ಕರೆತಂದು ಕೂರಿಸಿದ ಆ ಹೆಂಗಸು ಕೊನೆಗೆ ಅವಳಿಗೆ ಏನೋ ಹೇಳಿದರು. ಅದು ನನ್ನ ಕಿವಿಯವರೆಗೆ ಬಂದು ಅಲ್ಲೇ ನಿಂತುಹೋಯಿತು.