ಎರಡು ಹಿಡಿ ರಾಗಿ

ಅಕ್ಕನ ಬಲಗೈ ಎಡಗೈಗಿಂತ ಎರಡರಷ್ಟು ದಪ್ಪವಿತ್ತು. ಭುಜದಿಂದ ಮಣಿಕಟ್ಟಿನವರೆಗೆ ಒನಕೆಯ ಹಾಗೆ ಊದಿಕೊಂಡಿದ್ದ ಆ ಕೈಯನ್ನು ಬೆರಳಿಂದ ಒತ್ತಿದರೆ ಗುಳಿ ಬೀಳುತ್ತಿತ್ತು. ಗುಳಿ ಮೇಲೇಳಲು ಹೊತ್ತು ಹಿಡಿಯುತ್ತಿತ್ತು. ಬಳೆ ಏರುತ್ತಿರಲಿಲ್ಲ. ಮುತ್ತೈದೆ ಬರಿಗೈಯಲ್ಲಿ ಇರಬಾರದು ಎಂದು ಅತ್ತೆ ಗೊಣಗಿದ್ದಕ್ಕೆ, ಬಲಗೈಯ ಬಳೆಗಳನ್ನೂ ಎಡಗೈಗೇ ಏರಿಸಿಕೊಂಡು, "ಮನೆ ಬಿಟ್ಟು ಎಲ್ಲೂ ಹೋಗಿಲ್ಲ ಅತ್ತೆ, ಎಲ್ಲಾ ಇಲ್ಲೇ ಅವೆ" ಎಂದಳು.

ಅಕ್ಕ ಎಂದರೆ ಒಡಹುಟ್ಟಿದವಳಲ್ಲ, ನನ್ನ ಗಂಡನ ಅಣ್ಣನ ಹೆಂಡತಿ. ಶಿರಂಗಾಲದ ಹತ್ತಿರ ನಮ್ಮ ಮನೆ, ಗದ್ದೆ. ಆಗ ಕೊಡಗು ಬೇರೆಯೇ ರಾಜ್ಯ. ತೆಪ್ಪದಲ್ಲಿ ಹೊಳೆ ದಾಟಿದರೆ ಮೈಸೂರು ಸೀಮೆ. ನಾನು ಆ ಮನೆಗೆ ಬಂದಾಗ ನನಗೆ ಹದಿನೇಳು, ಆಕೆಗೆ ಮೂವತ್ತು ದಾಟಿತ್ತು. ಆಕೆ ಕೂತು ಉಂಡದ್ದನ್ನು ನಾನು ನೋಡಿಲ್ಲ. ತಟ್ಟೆ ಕೈಯಲ್ಲಿ ಹಿಡಿದು ಒಲೆಗೂ ಕೊಟ್ಟಿಗೆಯ ಬಾಗಿಲಿಗೂ ತಿರುಗುತ್ತ ಉಣ್ಣುವಳು. ಹೊಗಳಲು ಇದನ್ನು ಬರೆಯುತ್ತಿಲ್ಲ. ಬಾಯಿ ಜೋರು, ನನ್ನ ಸಾರಿನಲ್ಲಿ ಕೊಂಕು ಹುಡುಕದ ದಿನವಿಲ್ಲ.

ಒಂದು ಶನಿವಾರ ಎಣ್ಣೆನೀರಿನ ಹೊತ್ತಿನಲ್ಲಿ ನಾನು ಆಕೆಯ ಬೆನ್ನು ಉಜ್ಜುತ್ತಿದ್ದೆ. ನನ್ನ ಕೈ ಹಿಡಿದೆಳೆದು ಬಲಮೊಲೆಯ ಪಕ್ಕಕ್ಕೆ ಒತ್ತಿಕೊಂಡಳು.

"ಇದೇನು ನೋಡೆ."

ಚರ್ಮದ ಕೆಳಗೆ ಹುಣಸೆಬೀಜದಷ್ಟು ಗಟ್ಟಿಯಾದದ್ದೊಂದು ಸಿಕ್ಕಿತು. ಒತ್ತಿದರೆ ಜಾರಲಿಲ್ಲ. ನೋವಿಲ್ಲ ಎಂದಳು. ನನ್ನ ಮಗುವಿಗೆ ಆಗ ನಾಲ್ಕು ತಿಂಗಳು. ಎರಡು ಸಲ ಹಾಲು ಕಟ್ಟಿಕೊಂಡು ಶಾಖ ಕೊಟ್ಟುಕೊಂಡಿದ್ದೆ. ನನಗೆ ತಿಳಿದ ಗಂಟು ಅದೊಂದೇ.

"ಹಾಲ್ಗಂಟು ಇರ್ಬೇಕು, ಬಿಡಕ್ಕ" ಎಂದೆ.

ಆಕೆಯ ಕಿರಿಯ ಮಗಳಿಗೆ ಎಂಟು ವರ್ಷ. ಹಾಲು ಎಲ್ಲಿಂದ ಬರಬೇಕು? ಇಬ್ಬರಿಗೂ ಗೊತ್ತಿತ್ತು, ಇಬ್ಬರೂ ಸುಮ್ಮನಾದೆವು. ನಾಟಿ ಮುಗಿಯಿತು, ಕೊಯ್ಲು ಮುಗಿಯಿತು, ಕಣವೂ ಮುಗಿಯಿತು. ಹತ್ತು ತಿಂಗಳ ಮೇಲೆ ಆ ಜಾಗ ಗುಳಿ ಬಿದ್ದು ರವಿಕೆಗೆ ಕೀವು ಅಂಟತೊಡಗಿದಾಗ ಭಾವನಿಗೆ ತಿಳಿಯಿತು. ಮೈಸೂರಿನ ಆಸ್ಪತ್ರೆಗೆ ನಾನೂ ಜೊತೆಗೆ ಹೋದೆ.

"ಇಷ್ಟು ದಿನ ಏನಮ್ಮ ಮಾಡ್ತಿದ್ರಿ?" ಎಂದು ಡಾಕ್ಟರು ಕೇಳಿದರು.

ಅಕ್ಕ ನನ್ನ ಮುಖ ನೋಡಿದಳು. ಆಮೇಲೆ ಅವರತ್ತ ತಿರುಗಿ, "ಗದ್ದೆ ಕೆಲಸ ಇತ್ತು ಸಾರ್" ಎಂದಳು.

ಬಲಮೊಲೆಯನ್ನು ಬುಡಸಮೇತ ತೆಗೆದರು, ಕಂಕುಳಿನವರೆಗೂ ಕೆತ್ತಿದರು. ಮನೆಗೆ ಬಂದ ಮೇಲೆ ಆ ಕೈ ಊದಿತು, ಮೇಲಕ್ಕೆ ಏಳುತ್ತಿರಲಿಲ್ಲ. ಗೋಡೆಯ ಮೇಲೆ ಬೆರಳು ಹತ್ತಿಸುತ್ತ ಹೋಗಬೇಕು ಎಂದು ನರ್ಸು ಹೇಳಿಕೊಟ್ಟಿದ್ದಳಂತೆ. ಅಕ್ಕ ಹಲ್ಲು ಕಚ್ಚಿ ದಿನಕ್ಕೆ ನಾಲ್ಕು ಸಲ ಹತ್ತಿಸುವಳು. ಎಲ್ಲಿಗೆ ಮುಟ್ಟಿತೋ ಅಲ್ಲಿ ಇದ್ದಿಲಿನ ಗೆರೆ. ಅಡುಗೆಮನೆಯ ಗೋಡೆ ಗೆರೆಗಳಿಂದ ತುಂಬಿತು. ನೋಡಲು ಬಂದ ಹೆಂಗಸರ ಕಣ್ಣೆಲ್ಲ ಆಕೆಯ ರವಿಕೆಯ ಮೇಲೆ. ಅದು ತಡೆಯದೆ ಬಟ್ಟೆಯ ಚೀಲ ಹೊಲಿದು ಬೂರುಗದ ಹತ್ತಿ ತುಂಬಿ ರವಿಕೆಯೊಳಗೆ ಇಟ್ಟುಕೊಂಡಳು. ಹತ್ತಿ ಹಗುರ, ಬಗ್ಗಿ ಎದ್ದರೆ ಕತ್ತಿನ ಹತ್ತಿರ ಬಂದು ಕೂರುತ್ತಿತ್ತು. ತೂಕ ಬೇಕೆಂದು ಹತ್ತಿ ಕಿತ್ತು ಎರಡು ಹಿಡಿ ರಾಗಿ ತುಂಬಿದಳು. ಅದು ಇದ್ದಲ್ಲೇ ಇತ್ತು.

ಆಷಾಢ ಬಂತು. ಈ ಕೈಯಲ್ಲಿ ಗದ್ದೆಗೆ ಇಳಿಯಬೇಡ ಎಂದು ಎಲ್ಲರೂ ಹೇಳಿದೆವು. ಕೇಳುವವಳೇ? ಎಡಗೈಯಲ್ಲೇ ನಾಟಿ ಹಾಕಿದಳು. ಮೂರು ದಿನ ಬಿಡದ ಮಳೆ, ಮೈಯೆಲ್ಲ ಒದ್ದೆ. ಒಣಗಿಸಲು ಬಿಸಿಲಿಲ್ಲವೆಂದು ಚೀಲವನ್ನು ಹಾಗೇ ಇಟ್ಟುಕೊಳ್ಳುತ್ತಿದ್ದಳು. ನಾಲ್ಕನೆಯ ದಿನ ಪಕ್ಕದ ಸಾಲಿನ ಮುದುಕಿ ನೆಟ್ಟಗೆ ನಿಂತು ನೋಡಿದಳು.

"ಏನವ್ವಾ, ನಿನ್ ರವ್ಕೆಯಿಂದ ಬೇರು ಇಳೀತಾ ಅವೆ."

ಅಕ್ಕ ಬದುವಿಗೆ ಹತ್ತಿ, ನಮಗೆ ಬೆನ್ನು ಮಾಡಿ, ಚೀಲ ಹೊರಗೆ ತೆಗೆದಳು. ಬಟ್ಟೆಯ ತುಂಬ ಬಿಳಿ ಮೊಳಕೆ. ಹಾಗೇ ನಮ್ಮತ್ತ ತಿರುಗಿದಳು.

"ಜನ್ಮವೆಲ್ಲ ಒದ್ದೆ ಬಟ್ಟೇಲಿ ರಾಗಿ ಕಟ್ಟಿ ಮೊಳಕೆ ಬರ್ಸಿದೋಳು ನಾನು. ಇದು ಮಾತ್ರ ಹೊಳೀಲಿಲ್ಲ ನೋಡಿ" ಎಂದಳು. ಆಮೇಲೆ ನನ್ನತ್ತ, "ಒಣಗಿಸಿ ಬೀಸಿ ನಿನ್ ಮಗೀಗೆ ಗಂಜಿ ಮಾಡ್ಕೊಡ್ಲೇನೆ?"

ಸಾಲಿಗೆ ಸಾಲೇ ನಕ್ಕಿತು. ಮುದುಕಿ ನಕ್ಕೂ ನಕ್ಕೂ ಕೆಸರಿನಲ್ಲೇ ಕೂತಳು. ಅಕ್ಕನೂ ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕಳು. ನನಗೆ ಆಗಲಿಲ್ಲ.

ಸಂಜೆ ಆಕೆ ಹೊಸ ರಾಗಿಯನ್ನು ಬಾಣಲೆಗೆ ಹಾಕಿ ಹುರಿಯುತ್ತಿದ್ದಳು. ಹುರಿದರೆ ಮೊಳೆಯುವುದಿಲ್ಲ.

"ನೀನ್ಯಾಕೆ ನಗ್ಲಿಲ್ಲ?"

"ಹಾಲ್ಗಂಟು ಅಂದೋಳು ನಾನಲ್ವ ಅಕ್ಕ."

ಸೌಟು ನಿಲ್ಲಲಿಲ್ಲ. "ನೀನಂದೆ, ನಾನು ನಂಬ್ದೆ. ನಂಬೋಕೆ ಸಲೀಸಾಗಿತ್ತು. ಇನ್ಮೇಲೆ ಕೇಳ್ದಾಗ ಕೈಗೆ ಸಿಕ್ಕಿದ್ದು ಹೇಳು. ದಾಕ್ಷಿಣ್ಯ ಬೇಡ."

ಅಂದಿನಿಂದ ಪ್ರತಿ ಶನಿವಾರ ಬಚ್ಚಲಲ್ಲಿ ನನ್ನ ಕೈಯನ್ನು ಎಡಮೊಲೆಗೆ, ಎರಡೂ ಕಂಕುಳಿಗೆ ಇಡಿಸುವಳು. ನಂದು ಮುಗಿಯಲಿ, ನಿಂದೂ ನೋಡ್ಕೋ ಎನ್ನುವಳು. "ಇಲ್ಲ ಅಕ್ಕ" ಎಂದ ಮೇಲೆಯೇ ನನಗೆ ಊಟ ಇಳಿಯುತ್ತಿದ್ದದ್ದು. ಎರಡು ವರ್ಷ ಹೀಗೇ ನಡೆಯಿತು.

ಒಂದು ಶನಿವಾರ ಎಡಗಂಕುಳಲ್ಲಿ ಗಂಟುಗಳು ಸಿಕ್ಕಿದವು. ಕೈ ಹಿಂದಕ್ಕೆ ತೆಗೆದುಕೊಂಡು 'ಇಲ್ಲ' ಎನ್ನಲು ಬಾಯಿ ತೆರೆದೆ. ಆಕೆ ನನ್ನ ಮುಖವನ್ನೇ ನೋಡುತ್ತಿದ್ದಳು, ಅಂದು ಡಾಕ್ಟರ ಮುಂದೆ ನೋಡಿದ ಹಾಗೆ.

"ಅವೆ ಅಕ್ಕ. ಮೂರು."

"ನಾಲ್ಕು" ಎಂದಳು. "ನಂಗೆ ಬುಧವಾರಾನೇ ಸಿಕ್ಕಿದ್ವು. ನೀನು ಹೇಳ್ತೀಯೋ ಇಲ್ವೋ ಅಂತ ಕಾಯ್ತಿದ್ದೆ." ಎದ್ದು ನಿಂತು ತಾನೇ ತಲೆಗೆ ನೀರು ಹೊಯ್ದುಕೊಂಡಳು.

ಸೋಮವಾರವೇ ಹೊಳೆ ದಾಟಿದೆವು. ಇನ್ನು ಕೊಯ್ದು ಪ್ರಯೋಜನವಿಲ್ಲ ಎಂದರು ಡಾಕ್ಟರು. ಏಳು ತಿಂಗಳು ಬದುಕಿದಳು, ಒಂದು ದಿನವೂ ಸುಮ್ಮನಿರಲಿಲ್ಲ. ಕಿರಿಯವಳನ್ನು ನನ್ನ ಪಕ್ಕ ಮಲಗಿಸಿ ರೂಢಿ ಮಾಡಿಸಿದಳು. "ಇನ್ನೊಂದ್ ಮದ್ವೆ ಆಗಿ, ಬೇಡ ಅನ್ನಲ್ಲ. ನನ್ ತಂಗೀನ್ ಮಾತ್ರ ಬೇಡ, ಅವ್ಳಿಗೆ ಮುದ್ದೆ ಕಟ್ಟೋಕೆ ಬರಲ್ಲ" ಎಂದು ಭಾವನಿಗೆ ಹೇಳಿದಳು. ಮುಂದೆ ಮುದ್ದೆ ಕಟ್ಟಲು ಬರುವವಳನ್ನೇ ಭಾವ ಮಾಡಿಕೊಂಡರು. ಅಕ್ಕ ಹೋದದ್ದು ರಾಗಿ ತೆನೆ ಬಲಿಯುತ್ತಿದ್ದಾಗ. ಬೆರಳುಗಳು ಕೊನೆಯ ದಿನವೂ ಚಾಪೆಯ ಪಕ್ಕದ ಗೋಡೆಯ ಮೇಲೆ ಹತ್ತುತ್ತಿದ್ದವು.

ಆಕೆ ಹೋದ ಮೇಲೂ ನಾನು ಶನಿವಾರ ತಪ್ಪಿಸಲಿಲ್ಲ. ನನ್ನ ಐವತ್ತೆಂಟನೆಯ ವಯಸ್ಸಿನಲ್ಲಿ ಎಡಮೊಲೆಯಲ್ಲಿ ಒಂದು ಸಿಕ್ಕಿತು. ಹುಣಸೆಬೀಜಕ್ಕಿಂತ ಸಣ್ಣದು. ಸೊಸೆಯ ಕೈ ಹಿಡಿದು ಇಡಿಸಿದೆ.

"ಏನೋ ಕೊಬ್ಬಿನ ಗಂಟು ಇರ್ಬೇಕು, ಬಿಡಿ ಅತ್ತೆ" ಎಂದಳು.

ಬೈಯಲಿಲ್ಲ. ಅವಳ ವಯಸ್ಸಿನಲ್ಲಿ ನಾನೂ ಅದನ್ನೇ ಅಂದವಳು. "ನಾಳೆ ಮೊದಲ್ನೇ ಬಸ್ಸಿಗೆ ನಂಜೊತೆ ಆಸ್ಪತ್ರೆಗೆ ಹೊರಡು" ಎಂದೆ.

ಒಂದು ಮೊಲೆ ಹೋಯಿತು, ನಾನು ಉಳಿದೆ. ಅದಾಗಿ ಹದಿನೆಂಟು ವರ್ಷ. ಆಸ್ಪತ್ರೆಯಿಂದ ಬಂದ ವಾರವೇ, ಅಕ್ಕನ ಚೀಲದ ಸುದ್ದಿ ಅಷ್ಟಿಷ್ಟು ಕೇಳಿದ್ದ ಸೊಸೆ ಚೀಲ ಹೊಲಿದು, ಡಬ್ಬಿಯಿಂದ ಮೊರಕ್ಕೆ ರಾಗಿ ಮೊಗೆದು ತುಂಬಲು ಕೂತಳು. ಅವಳ ಕೈಯಿಂದ ಮೊರ ಕಿತ್ತುಕೊಂಡು ಒಲೆಯ ಕಡೆ ತೋರಿಸಿದೆ.

"ಮೊದ್ಲು ಹುರಿ."